ಭಯ ಇರುವಷ್ಟು ಹೊತ್ತು

ಕೇಳುಗರೆಲ್ಲರಿಗೂ ನಮಸ್ಕಾರ.

ತಾಲ್ಲೂಕು ಕೋರ್ಟಿನಲ್ಲಿ ಕ್ರಿಮಿನಲ್ ಕೇಸು ನಡೆಸುವ ವಕೀಲ ನಾನು. ಹೊಡೆದಾಟದ ಕೇಸಿಗೆ ಬರುವವರು ಕುರ್ಚಿ ಎಳೆದುಕೊಂಡು ಕೂರುವ ಮೊದಲೇ ಒಂದು ಮಾತು ಹೇಳುತ್ತಾರೆ. "ಸಾರ್, ಮೊದಲು ಕೈ ಮಾಡಿದ್ದು ಅವನೇ."

ಹಾಗೆ ಬಂದವರೊಬ್ಬರ ವಿಷಯ ಹೇಳುತ್ತೇನೆ. ಗದ್ದೆ ಬದುವಿನ ಜಗಳ. ಒಂದು ಬೆಳಗ್ಗೆ ಚಿಕ್ಕಪ್ಪನ ಮಗ ಮಚ್ಚು ಹಿಡಿದು ಬಂದ. ಇವರು ಗುದ್ದಲಿಯಲ್ಲಿ ನೀರು ತಿರುಗಿಸುತ್ತಿದ್ದರು. ಅವನು ಬೀಸಿದ ಮಚ್ಚನ್ನು ಎಡಗೈ ಅಡ್ಡ ಕೊಟ್ಟು ತಡೆದರು, ಅಂಗೈ ಸೀಳಿತು. ಗುದ್ದಲಿ ಕಾವಿನಿಂದ ಅವನ ಮುಂಗೈಗೆ ಒಂದು ಕೊಟ್ಟರು. ಮಚ್ಚು ಕೆಸರಿಗೆ ಬಿತ್ತು. ಅವನು ತಿರುಗಿ ಓಡಿದ. ಇವರು ಅಟ್ಟಿಸಿಕೊಂಡು ಹೋಗಿ ಬೆನ್ನಿಗೆ ಎರಡು ಬಾರಿಸಿದರು. ಪಕ್ಕೆಲುಬು ಮುರಿಯಿತು.

ಮುಂಗೈಗೆ ಬಿದ್ದ ಏಟು ಕಾನೂನಿನ ಪ್ರಕಾರ ಅಪರಾಧವೇ ಅಲ್ಲ. ಬೆನ್ನಿಗೆ ಬಿದ್ದ ಎರಡು ಏಟು ಅಪರಾಧ. ಎರಡರ ನಡುವೆ ಅರ್ಧ ನಿಮಿಷವೂ ಇರಲಿಲ್ಲ. ಇವತ್ತು ಮಾತಾಡಬೇಕು ಅಂತ ಬಂದಿರುವುದು ಆ ಅರ್ಧ ನಿಮಿಷದ ಬಗ್ಗೆ.

ನಮ್ಮ ದೇಶದಲ್ಲಿ ಆತ್ಮರಕ್ಷಣೆಯ ಹಕ್ಕು 1860ರ ದಂಡ ಸಂಹಿತೆಯಲ್ಲೇ ಇತ್ತು, 96ರಿಂದ 106ರವರೆಗಿನ ಸೆಕ್ಷನ್‌ಗಳಲ್ಲಿ. 2024ರ ಜುಲೈ 1ರಿಂದ ಭಾರತೀಯ ನ್ಯಾಯ ಸಂಹಿತೆ ಬಂತಲ್ಲ, ಅದರಲ್ಲಿ ಅವೇ 34ರಿಂದ 44ರವರೆಗಿನ ಸೆಕ್ಷನ್‌ಗಳಾಗಿವೆ. ನಂಬರು ಬದಲಾಯಿತು, ತಿರುಳು ಹಾಗೇ ಇದೆ. ನಿಮ್ಮ ಮೈಯನ್ನು ಕಾಪಾಡಿಕೊಳ್ಳಬಹುದು, ನಿಮ್ಮ ಆಸ್ತಿಯನ್ನೂ ಕಾಪಾಡಿಕೊಳ್ಳಬಹುದು. ಅಷ್ಟೇ ಅಲ್ಲ, ಬೇರೆಯವರ ಮೈಯನ್ನೂ ಕಾಪಾಡಬಹುದು. ಬಸ್ ಸ್ಟ್ಯಾಂಡಿನಲ್ಲಿ ಗುರುತಿಲ್ಲದ ಹೆಣ್ಣುಮಗಳ ಕೈ ಹಿಡಿದು ಯಾರೋ ಎಳೆಯುತ್ತಿದ್ದಾರೆ ಅಂದುಕೊಳ್ಳಿ. ಅವರನ್ನು ತಡೆಯಲು ನೀವು ಅವಳ ಅಣ್ಣನೋ ತಮ್ಮನೋ ಆಗಿರಬೇಕಿಲ್ಲ. "ನಮಗ್ಯಾಕೆ, ಆಮೇಲೆ ನಮ್ಮ ಮೇಲೇ ಕೇಸ್ ಆಗುತ್ತೆ" ಅಂತ ಪಕ್ಕಕ್ಕೆ ಸರಿಯುವವರನ್ನು ನೋಡಿದಾಗ ನನಗೆ ಹೊಟ್ಟೆ ಉರಿಯುತ್ತದೆ. ಅವರಿಗೆ ಈ ಹಕ್ಕು ಇದೆ ಅಂತ ಯಾರೂ ಹೇಳಿಲ್ಲ.

ಹಾಗಾದರೆ ಏಟು ಬೀಳುವ ತನಕ ಕಾಯಬೇಕಾ? ಬೇಡ. ಅಪಾಯ ಬಂತು ಅಂತ ನಂಬಲು ಸರಿಯಾದ ಕಾರಣ ಇದ್ದರೆ ಸಾಕು. ಇದಕ್ಕೆ ಒಂದು ಹಳೆಯ ಕೇಸು ನನಗೆ ಯಾವಾಗಲೂ ನೆನಪಾಗುತ್ತದೆ. 1950ರ ಮಾರ್ಚ್ 5ರಂದು ಮಧ್ಯಪ್ರದೇಶದ ಕಟ್ನಿಯಲ್ಲಿ ಗಲಭೆ ಆಯಿತು. ಅಲ್ಲಿ ಅಮ್ಜದ್ ಖಾನ್ ಎಂಬ ಅಂಗಡಿಯವರಿದ್ದರು. ಪಕ್ಕದಲ್ಲೇ ಅವರ ಅಣ್ಣತಮ್ಮನ ಅಂಗಡಿ. ಗುಂಪು ಅದಕ್ಕೆ ನುಗ್ಗಿ ಲೂಟಿ ಮಾಡಿತು. ಮನೆಯ ಹೆಂಗಸರು ಮಕ್ಕಳು ಹೆದರಿ ಇವರ ಹತ್ತಿರ ಓಡಿ ಬಂದರು. ಅಷ್ಟರಲ್ಲಿ ಇವರ ಬಾಗಿಲಿಗೂ ಲಾಠಿ ಏಟು ಬೀಳತೊಡಗಿತು. ಇವರು ಬಂದೂಕು ತೆಗೆದು ಹಾರಿಸಿದರು. ಒಬ್ಬ ಸತ್ತ, ಮೂವರಿಗೆ ಗಾಯವಾಯಿತು. ಕೆಳಗಿನ ಕೋರ್ಟುಗಳು ಶಿಕ್ಷೆ ಕೊಟ್ಟವು. 1952ರಲ್ಲಿ ಸುಪ್ರೀಂ ಕೋರ್ಟ್ ಬಿಡುಗಡೆ ಮಾಡಿತು. ಬಾಗಿಲು ಮುರಿದು ಒಳಗೆ ಬರುವ ತನಕ ಅವರು ಕಾಯಬೇಕಿರಲಿಲ್ಲ, ಇಂಥ ಹೊತ್ತಿನಲ್ಲಿ ಮಾಡಿದ್ದನ್ನು ಚಿನ್ನ ತೂಗುವ ತಕ್ಕಡಿಯಲ್ಲಿಟ್ಟು ತೂಗಲು ಆಗುವುದಿಲ್ಲ ಅನ್ನುವ ಅರ್ಥದಲ್ಲಿ ನ್ಯಾಯಮೂರ್ತಿ ವಿವಿಯನ್ ಬೋಸ್ ಬರೆದರು. ಅಕ್ಕಸಾಲಿಗನ ಅಂಗಡಿಯಲ್ಲಿ ಗಾಜಿನ ಪೆಟ್ಟಿಗೆಯೊಳಗೆ ಇರುತ್ತದಲ್ಲ, ಉಸಿರು ಬಿಟ್ಟರೂ ಅಲ್ಲಾಡುವ ತಕ್ಕಡಿ, ಅದು. ಹೆದರಿದ ಮನುಷ್ಯನ ಕೈಯಲ್ಲಿ ಆ ತಕ್ಕಡಿ ಇರುವುದಿಲ್ಲ. ಕೋರ್ಟಿಗೆ ಇದು ಗೊತ್ತು.

ಆಯುಧದ ಲೆಕ್ಕವೂ ಹಾಗೇ. ಅವನ ಕೈಯಲ್ಲಿ ದೊಣ್ಣೆ, ನನ್ನ ಕೈಯಲ್ಲಿ ಭರ್ಜಿ, ಹಾಗಾಗಿ ನಾನು ಮಿತಿ ಮೀರಿದೆ ಅಂತ ಆಗುತ್ತದಾ? ಉತ್ತರ ಪ್ರದೇಶದ ದೇವ್ ನಾರಾಯಣ್ ಕೇಸಿನಲ್ಲಿ ಹೈಕೋರ್ಟ್ ಹಾಗೇ ಹೇಳಿತ್ತು. ಸುಪ್ರೀಂ ಕೋರ್ಟ್ ಒಪ್ಪಲಿಲ್ಲ. ಲಾಠಿ ಏಟು ತಲೆಗೆ ಬಿದ್ದರೆ ಅಲ್ಲೇ ಪ್ರಾಣ ಹೋಗಬಹುದು ಅಂತ ಹೇಳಿತು. ಹಳ್ಳಿಯಲ್ಲಿ ಹುಟ್ಟಿ ಬೆಳೆದವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ.

ಇನ್ನೊಂದು ಮಾತು. ಮೈಮೇಲೆ ಬಂದಾಗ ಓಡಿಹೋಗಲೇಬೇಕು ಅಂತ ನಮ್ಮ ಕಾನೂನು ಹೇಳುವುದಿಲ್ಲ. 2010ರ ದರ್ಶನ್ ಸಿಂಗ್ ತೀರ್ಪು ಇದನ್ನು ಮತ್ತೆ ಸ್ಪಷ್ಟ ಮಾಡಿದೆ. ಕಾನೂನು ಪಾಲಿಸುವ ಮನುಷ್ಯ ಹೇಡಿಯಾಗಬೇಕಿಲ್ಲ.

ಪ್ರಾಣ ತೆಗೆಯುವ ಮಟ್ಟಕ್ಕೆ ಹೋಗಬಹುದಾ ಅನ್ನುವುದು ಬೇರೆ ಪ್ರಶ್ನೆ. ಅದಕ್ಕೆ ದಾರಿ ಇಕ್ಕಟ್ಟು. ಎದುರಿನವನು ನಿಮ್ಮ ಜೀವ ತೆಗೆಯುತ್ತಾನೆ, ಕೈಕಾಲು ಮುರಿಯುವಂಥ ದೊಡ್ಡ ಗಾಯ ಮಾಡುತ್ತಾನೆ, ಅತ್ಯಾಚಾರ ಮಾಡುತ್ತಾನೆ, ಅಪಹರಿಸುತ್ತಾನೆ, ಆಸಿಡ್ ಎರಚುತ್ತಾನೆ ಅನ್ನುವಂಥ ಭಯ ಇರಬೇಕು. ಬರೀ ಕೆನ್ನೆಗೆ ಹೊಡೆದ, ಕೆಟ್ಟ ಮಾತು ಬೈದ ಅಂತ ಅಲ್ಲ. ಆಸಿಡ್ ಮಾತು ಕಾನೂನಿಗೆ ಸೇರಿದ್ದು 2013ರಲ್ಲಿ. ಆಸ್ತಿಯ ವಿಷಯದಲ್ಲಿ ದಾರಿ ಇನ್ನೂ ಇಕ್ಕಟ್ಟು. ದರೋಡೆ, ಸೂರ್ಯ ಮುಳುಗಿ ಹುಟ್ಟುವುದರೊಳಗೆ ಮನೆಗೆ ಕನ್ನ, ವಾಸದ ಮನೆಗೆ ಬೆಂಕಿ, ಇಂಥದ್ದಕ್ಕೆ ಮಾತ್ರ. ತೋಟದಲ್ಲಿ ಎಳನೀರು ಕಿತ್ತವನನ್ನು ಹಿಡಿಯಬಹುದು, ತಡೆಯಬಹುದು. ಅವನ ಪ್ರಾಣ ತೆಗೆಯುವ ಹಕ್ಕು ಯಾರಿಗೂ ಇಲ್ಲ.

ಇಲ್ಲಿ ರೈತರಿಗೆ ಒಂದು ವಿಷಯ ಕೈಮುಗಿದು ಹೇಳಬೇಕು. ಬೇಲಿಗೆ ಕರೆಂಟ್ ಕೊಡುವುದು. ಬಿಹಾರದ ಒಂದು ಕೇಸು 1963ರಲ್ಲಿ ಸುಪ್ರೀಂ ಕೋರ್ಟಿನಲ್ಲಿ ತೀರ್ಮಾನವಾಯಿತು. ಒಬ್ಬನ ಮನೆಗೆ ಹತ್ತಿರದ ಇನ್ನೊಂದು ಮನೆಯ ಕಕ್ಕಸಿನ ಗೋಡೆ ಬಿದ್ದಿತ್ತು. ಆ ಮನೆಯವರು ಇವನ ಕಕ್ಕಸಿಗೆ ಬರತೊಡಗಿದರು. ಬೇಡ ಅಂತ ಹೇಳಿ ನೋಡಿದ. ಕೇಳಲಿಲ್ಲ. ಕಕ್ಕಸಿಗೆ ಹೋಗುವ ದಾರಿಗೆ ಅಡ್ಡ ಒಂದು ತಾಮ್ರದ ತಂತಿ ಕಟ್ಟಿ ಮನೆಯ ಕರೆಂಟ್ ಕೊಟ್ಟ. ಎಚ್ಚರಿಕೆ ಕೊಡಲಿಲ್ಲ. ಒಬ್ಬ ಹೆಂಗಸು ಒಳಗೆ ಹೋಗುವಾಗ ತಂತಿ ತಾಗಲಿಲ್ಲ. ಹೊರಗೆ ಬರುವಾಗ ಕೈ ತಾಗಿತು. ಸತ್ತುಹೋದಳು. ನನ್ನ ಜಾಗ, ನನ್ನ ರಕ್ಷಣೆ ಅನ್ನುವ ವಾದ ನಿಲ್ಲಲಿಲ್ಲ. ಎದುರಿಗೆ ಯಾರು ಬಂದಿದ್ದಾರೆ, ಯಾಕೆ ಬಂದಿದ್ದಾರೆ ಅಂತ ತಂತಿಗೆ ಗೊತ್ತಾಗುವುದಿಲ್ಲ. ಹಂದಿ ಕಾಟ ಎಷ್ಟಿದೆ ಅಂತ ನನಗೂ ಗೊತ್ತು. ಆದರೂ ಆ ತಂತಿ ಬಿಚ್ಚಿಬಿಡಿ. ರಾತ್ರಿ ಅದನ್ನು ತಾಗುವವನು ನಿಮ್ಮ ಮನೆಯ ಹುಡುಗನೇ ಆಗಿರಬಹುದು.

ಈಗ ಬೆನ್ನಿಗೆ ಬಿದ್ದ ಏಟಿನ ವಿಷಯ. ಭಯ ಹುಟ್ಟಿದಾಗ ಹಕ್ಕು ಹುಟ್ಟುತ್ತದೆ, ಭಯ ಹೋದಾಗ ಅದೂ ಹೋಗುತ್ತದೆ. ಜೈದೇವ್ ಕೇಸು ಅಂತ ಒಂದಿದೆ, 1962ರ ತೀರ್ಪು. ಅದೂ ಹೊಲದ ಜಗಳವೇ. ಎದುರಿನ ಗುಂಪು ಹಿಂದೆ ಸರಿದು ಓಡುತ್ತಿದ್ದಾಗ ಗುಂಡು ಹಾರಿತು. ಓಡುತ್ತಿರುವವನಿಂದ ಏನು ಭಯ ಅಂತ ಕೋರ್ಟ್ ಕೇಳಿತು. ಆತ್ಮರಕ್ಷಣೆಯ ಮಾತು ಅಲ್ಲಿಗೆ ಮುಗಿಯಿತು.

ಕಳ್ಳನನ್ನು ಹಿಡಿದು ಲೈಟ್ ಕಂಬಕ್ಕೆ ಕಟ್ಟಿ ಊರೆಲ್ಲ ಸೇರಿ ಹೊಡೆಯುವುದನ್ನು ನೀವು ನೋಡಿರಬಹುದು. ಕಟ್ಟಿದ ಮೇಲೆ ಅವನಿಂದ ಯಾರಿಗೆ ಭಯ? ಆ ಹೊಡೆತದಲ್ಲಿ ಒಂದೂ ಆತ್ಮರಕ್ಷಣೆ ಅಲ್ಲ. 2018ರ ಜುಲೈನಲ್ಲಿ ನಮ್ಮ ಬೀದರ್ ಜಿಲ್ಲೆಯ ಮುರ್ಕಿಯಲ್ಲಿ ಏನಾಯಿತು ನೆನಪಿದೆಯಾ? ಹೈದರಾಬಾದಿನ ಕಡೆಯಿಂದ ಬಂದವರು ಮಕ್ಕಳಿಗೆ ಚಾಕೊಲೇಟ್ ಕೊಟ್ಟರು. ಮಕ್ಕಳ ಕಳ್ಳರು ಅಂತ ವಾಟ್ಸಾಪಿನಲ್ಲಿ ಸುದ್ದಿ ಹಬ್ಬಿತು. ಕಾರಿನಲ್ಲಿ ತಪ್ಪಿಸಿಕೊಂಡು ಹೋಗುತ್ತಿದ್ದವರನ್ನು ತಡೆದು ಹೊಡೆದರು. ಒಬ್ಬ ಸಾಫ್ಟ್‌ವೇರ್ ಎಂಜಿನಿಯರ್ ಸತ್ತರು. ಕಾನೂನು ಕೇಳುವುದು ಕಾರಣ ಇರುವ ಭಯವನ್ನು. ಫೋನಿನಲ್ಲಿ ಬಂದ ಮೆಸೇಜು ಕಾರಣ ಆಗುವುದಿಲ್ಲ.

ಪೊಲೀಸರನ್ನು ಕರೆಯಲು ಸಮಯ ಇದ್ದರೆ ಈ ಹಕ್ಕು ಬರುವುದಿಲ್ಲ ಅನ್ನುವುದೂ ಸೆಕ್ಷನ್ 37ರಲ್ಲೇ ಇದೆ. ನಿನ್ನೆ ಬೈದಿದ್ದಕ್ಕೆ ಇವತ್ತು ಹೊಡೆದರೆ ಅದು ಸೇಡು. ಪೊಲೀಸರು ಅರೆಸ್ಟ್ ಮಾಡಲು ಬಂದಾಗ ಅವರ ಕ್ರಮದಲ್ಲಿ ಸಣ್ಣಪುಟ್ಟ ತಪ್ಪಿದ್ದರೂ, ಪ್ರಾಣದ ಅಥವಾ ದೊಡ್ಡ ಗಾಯದ ಭಯ ಇಲ್ಲದಿದ್ದರೆ ಕೈ ಎತ್ತುವ ಹಾಗಿಲ್ಲ. ಅದನ್ನು ಆಮೇಲೆ ಕೋರ್ಟಿನಲ್ಲಿ ಕೇಳಬೇಕು.

ಹಾಗಂತ ಮಿತಿ ಮೀರಿದವರೆಲ್ಲ ಕೊಲೆಗಾರರಲ್ಲ. ಒಳ್ಳೆಯ ನಂಬಿಕೆಯಿಂದ, ದ್ವೇಷವಿಲ್ಲದೆ, ಕಾಪಾಡಿಕೊಳ್ಳುವ ಭರದಲ್ಲಿ ಜಾಸ್ತಿ ಹೊಡೆದು ಎದುರಿನವನು ಸತ್ತರೆ ಅದನ್ನು ಕೊಲೆ ಎನ್ನುವುದಿಲ್ಲ. ಅದಕ್ಕಿಂತ ಕಡಿಮೆ ಅಪರಾಧ ಅಂತ ನೋಡುತ್ತಾರೆ. ಶಿಕ್ಷೆ ಆಗಬಹುದು, ಆದರೆ ಕೊಲೆಯ ಶಿಕ್ಷೆ ಅಲ್ಲ.

ಕೊನೆಗೆ ಸಾಕ್ಷಿಯ ವಿಷಯ. ಆತ್ಮರಕ್ಷಣೆಗೆ ಹೊಡೆದೆ ಅಂತ ತೋರಿಸುವ ಹೊಣೆ ಹೊಡೆದವರದೇ. ಆದರೆ ಪೊಲೀಸರು ಕೇಸು ರುಜುವಾತು ಮಾಡುವಷ್ಟು ಗಟ್ಟಿಯಾಗಿ ಬೇಕಿಲ್ಲ. ಹೀಗೇ ನಡೆದಿರುವ ಸಂಭವ ಜಾಸ್ತಿ ಅಂತ ಕಂಡರೆ ಸಾಕು. ಅದು ಕಾಣುವುದು ನಿಮ್ಮ ಮೈಮೇಲಿನ ಗಾಯದಲ್ಲಿ. ಅದಕ್ಕೇ ಮೊದಲು 112ಕ್ಕೆ ಫೋನ್ ಮಾಡಿ. ಅವತ್ತೇ ಸರ್ಕಾರಿ ಆಸ್ಪತ್ರೆಗೆ ಹೋಗಿ. ಸಣ್ಣ ತರಚು ಗಾಯವನ್ನೂ ಡಾಕ್ಟರಿಗೆ ತೋರಿಸಿ ಬರೆಸಿಕೊಳ್ಳಿ. ಬಟ್ಟೆ ಒಗೆಯಬೇಡಿ. ಬಿದ್ದ ಆಯುಧ ಮುಟ್ಟಬೇಡಿ.

ಗುದ್ದಲಿಯವರ ಕಥೆ ಹೇಳಿದೆನಲ್ಲ. ಅವರು ನಾಚಿಕೆಯಿಂದಲೋ ಹೆದರಿಕೆಯಿಂದಲೋ ಆಸ್ಪತ್ರೆಗೆ ಹೋಗಿರಲಿಲ್ಲ. ಅಂಗೈಗೆ ಅರಿಶಿನ ಮೆತ್ತಿ, ಹಳೇ ಪಂಚೆ ಹರಿದು ಕಟ್ಟಿಕೊಂಡಿದ್ದರು. ಕೆಸರಿನಲ್ಲಿದ್ದ ಮಚ್ಚನ್ನು ತೊಳೆದು ಕೊಟ್ಟಿಗೆಯಲ್ಲಿ ಇಟ್ಟಿದ್ದರು. ಅವನ ಪಕ್ಕೆಲುಬಿಗೆ ಎಕ್ಸ್‌ರೇ ಇತ್ತು, ವೂಂಡ್ ಸರ್ಟಿಫಿಕೇಟ್ ಇತ್ತು. ಇವರ ಅಂಗೈಗೆ ಒಂದು ಚೀಟಿಯೂ ಇರಲಿಲ್ಲ. ವಿಚಾರಣೆ ಬರುವ ಹೊತ್ತಿಗೆ ಎರಡು ವರ್ಷ ಆಗಿತ್ತು. ಕಟಕಟೆಯಲ್ಲಿ ನಿಂತು ಎಡಗೈ ಬಿಚ್ಚಿ ತೋರಿಸಿದರು. ಗುದ್ದಲಿ ಹಿಡಿದು ದಡ್ಡುಗಟ್ಟಿದ ಕೈ. ಆ ಗೆರೆಗಳಲ್ಲಿ ಮಚ್ಚಿನ ಗೆರೆ ಯಾವುದು ಅಂತ ಹುಡುಕುವುದು ನನಗೇ ಕಷ್ಟವಾಯಿತು.

ನಮಸ್ಕಾರ.