ಫ್ರಿಜ್ಜು ದಿನಕ್ಕೆ ಎಷ್ಟು ಕರೆಂಟು ಎಳೆಯುತ್ತದೆ?

ಕೇಳುಗರಿಗೆ ನಮಸ್ಕಾರ. ರೇಡಿಯೊ ಸದ್ದು ಸ್ವಲ್ಪ ಕಡಿಮೆ ಮಾಡಿ ನಿಮ್ಮ ಫ್ರಿಜ್ಜಿನ ಕಡೆ ಒಮ್ಮೆ ಕಿವಿ ಕೊಡಿ. ಗುಂಯ್ ಅನ್ನುತ್ತಿದೆಯಾ? ಹಾಗಾದರೆ ಕಂಪ್ರೆಸರ್ ಓಡುತ್ತಿದೆ. ಸುಮ್ನೆ ನಿಂತಿದ್ದರೆ ಅದು ಬಿಡುವಿನಲ್ಲಿದೆ, ಆಗ ಅದಕ್ಕೆ ಕರೆಂಟು ಬೇಕಾಗುವುದು ತೀರಾ ಕಮ್ಮಿ.

ಈ ಬಿಡುವಿನ ವಿಷಯ ಮರೆತು ನಾನೊಮ್ಮೆ ಪೆನ್ನು ಕಾಗದ ಹಿಡಿದು ಕೂತಿದ್ದೆ. ಫ್ರಿಜ್ಜಿನ ಹಿಂದೆ 150 ವ್ಯಾಟ್ ಅಂತ ಬರೆದಿತ್ತು. ದಿನಕ್ಕೆ 24 ಗಂಟೆ, ಗುಣಿಸಿದರೆ 3,600 ವ್ಯಾಟ್-ಗಂಟೆ, ಅಂದರೆ 3.6 ಯೂನಿಟ್! ಎದೆ ಧಸಕ್ಕೆಂದಿತು. ಆಮೇಲೆ ಪ್ಲಗ್ಗಿಗೆ ಸಿಕ್ಕಿಸುವ ಸಣ್ಣ ಮೀಟರ್ ತಂದು ಇಡೀ ದಿನ ಬಿಟ್ಟು ನೋಡಿದೆ, ಬಂದದ್ದು 1.1 ಯೂನಿಟ್. ಒಳಗೆ ಸಾಕಷ್ಟು ತಣ್ಣಗಾದ ಕೂಡಲೇ ಥರ್ಮೋಸ್ಟಾಟ್ ಕಂಪ್ರೆಸರನ್ನು ನಿಲ್ಲಿಸುತ್ತದೆ, ನನ್ನ ಲೆಕ್ಕದಲ್ಲಿ ಅದು ನಿಂತೇ ಇರಲಿಲ್ಲ. ಇನ್ವರ್ಟರ್ ಫ್ರಿಜ್ಜುಗಳದು ಬೇರೆ ರೀತಿ. ಅವು ನಿಲ್ಲುವ ಬದಲು ನಿಧಾನಕ್ಕೆ ಓಡುತ್ತಲೇ ಇರುತ್ತವೆ.

ಇನ್ನು ಬಾಗಿಲಿನ ಜಗಳ. ಬಾಗಿಲು ತೆರೆದು ಏನು ತಿನ್ನಲಿ ಅಂತ ಯೋಚಿಸುತ್ತಾ ನಿಂತ ಮಗುವಿಗೆ ಬೈಗುಳ ಗ್ಯಾರಂಟಿ, ಅಲ್ವಾ? ಪಾಪ, ಅದರ ತಪ್ಪು ನಾವು ಅಂದುಕೊಂಡಷ್ಟಿಲ್ಲ. ಬಾಗಿಲು ತೆರೆದಾಗ ಫ್ರಿಜ್ಜಿನ ತಣ್ಣನೆ ಗಾಳಿಯೆಲ್ಲ ಹೋಗಿ ಹೊರಗಿನ ಗಾಳಿ ತುಂಬಿತು ಅನ್ನಿ. 200 ಲೀಟರ್ ಗಾಳಿ ತೂಗಿದರೆ ಕಾಲು ಕಿಲೋ ಬರುತ್ತದೆ, ಅಷ್ಟೇ. ಅದನ್ನು 30 ಡಿಗ್ರಿಯಿಂದ 5ಕ್ಕೆ ಇಳಿಸಲು ಸುಮಾರು 6 ಕಿಲೋಜೌಲ್ ಶಾಖ ತೆಗೆಯಬೇಕು. ಗಾಳಿ ತೇವವಾಗಿದ್ದರೆ ಅದರ ಎರಡರಷ್ಟು ಅಂತಿಟ್ಟುಕೊಳ್ಳಿ. ಅದೇ ಒಂದು ಲೀಟರ್ ನೀರನ್ನು ಅಷ್ಟೇ ತಣ್ಣಗೆ ಮಾಡಲು ಬೇಕಾದದ್ದು 105 ಕಿಲೋಜೌಲ್! ಹಬೆಯಾಡುವ ಪಾತ್ರೆಯನ್ನು ಹಾಗೇ ಒಳಗಿಟ್ಟವರು ಮಗುವಿಗೆ ಬೈಯುವ ಹಾಗಿಲ್ಲ.

ಆದರೆ ಜಾಸ್ತಿ ಕರೆಂಟು ಹೋಗುವುದು ಇವೆರಡಕ್ಕೂ ಅಲ್ಲ. ಬಾಗಿಲು ಮುಚ್ಚಿದ್ದರೂ ಹಗಲು ರಾತ್ರಿ ಗೋಡೆಯ ಮೂಲಕ ಶಾಖ ಒಳಗೆ ನುಸುಳುತ್ತಲೇ ಇರುತ್ತದೆ, ಅದನ್ನು ಹೊರಗೆ ಹಾಕುವುದೇ ಫ್ರಿಜ್ಜಿನ ಮುಖ್ಯ ಕೆಲಸ. ಒಳಗೆ 4 ಡಿಗ್ರಿ, ಹೊರಗೆ 20 ಇದ್ದರೆ ಅಂತರ 16. ಹೊರಗೆ 36 ಆಯಿತು ಅನ್ನಿ, ಅಂತರ 32, ನುಸುಳುವ ಶಾಖ ನೇರ ಎರಡು ಪಟ್ಟು. ಅದರ ಮೇಲೆ, ಆ ಸೆಕೆಯಲ್ಲಿ ಶಾಖವನ್ನು ಹೊರಗೆ ತಳ್ಳಲು ಕಂಪ್ರೆಸರ್ ಇನ್ನಷ್ಟು ತಿಣುಕಬೇಕು. ಅದಕ್ಕೇ ಒಲೆಯ ಪಕ್ಕ ಬೇಡ, ಗೋಡೆಗೆ ಒತ್ತಿಯೂ ಬೇಡ. ಹಿಂದಿನ ಕೊಳವೆಗಳಿಗೆ ಗಾಳಿ ಆಡಬೇಕು.

ಹಾಂ, ಫ್ರಾಸ್ಟ್ ಫ್ರೀ ಫ್ರಿಜ್ಜಿನೊಳಗೆ ಒಂದು ಹೀಟರ್ ಇರುತ್ತದೆ, ಕಟ್ಟಿದ ಹಿಮ ಕರಗಿಸಲು. ತಣ್ಣಗೆ ಮಾಡುವ ಪೆಟ್ಟಿಗೆಗೆ ಹೀಟರ್! ನನಗೆ ಇವತ್ತಿಗೂ ನಗು ಬರುತ್ತದೆ.

ಕೊನೆಗೆ ಬಾಗಿಲಿನ ರಬ್ಬರು. ಒಂದು ಕಾಗದವನ್ನು ನಡುವೆ ಇಟ್ಟು ಬಾಗಿಲು ಹಾಕಿ, ಎಳೆದು ನೋಡಿ. ಬಿಗಿಯಾಗಿ ಹಿಡಿದಿರಬೇಕು. ನಮ್ಮನೆಯಲ್ಲಿ ಕೆಳಗಿನ ಮೂಲೆಯಲ್ಲಿ ಕಾಗದ ಬೆಣ್ಣೆಯಿಂದ ಕೂದಲು ತೆಗೆದಂತೆ ಜಾರಿ ಬಂತು. ಬಗ್ಗಿ ನೋಡಿದರೆ ರಬ್ಬರಿನ ಮಡಿಕೆಯಲ್ಲಿ ಯಾವ ಕಾಲದ್ದೋ ಅಂಟು, ಒಣಗಿ ಗಟ್ಟಿಯಾಗಿತ್ತು. ಬಿಸಿನೀರಲ್ಲಿ ಬಟ್ಟೆ ಅದ್ದಿ ಒರೆಸಿದೆ, ಆಮೇಲೆ ಕಾಗದ ಹರಿಯಿತೇ ಹೊರತು ಜಾರಲಿಲ್ಲ. ನಮಸ್ಕಾರ.