ಹೀರೋ ಪಕ್ಕದ ಹುಡುಗ

ಕೇಳುಗರಿಗೆ ನಮಸ್ಕಾರ.

ಹಳೆಯ ಹಾಲಿವುಡ್ ಅಂದ ಕೂಡಲೇ ಜೇಮ್ಸ್ ಡೀನ್ ಹೆಸರು ಬಂದೇ ಬರುತ್ತದೆ. 'ರೆಬೆಲ್ ವಿದೌಟ್ ಎ ಕಾಸ್' ಚಿತ್ರದ ಆ ಕೆಂಪು ಜಾಕೆಟ್ಟು, ಕೆದರಿದ ಕೂದಲು. ಇವತ್ತಿನ ಮಾತು ಅವನ ಬಗ್ಗೆ ಅಲ್ಲ. ಅದೇ ಚಿತ್ರದಲ್ಲಿ ಅವನ ಹಿಂದೆ ಮುಂದೆ ಸುತ್ತುವ ಇನ್ನೊಬ್ಬ ಹುಡುಗ ಇದ್ದಾನಲ್ಲ, ಸಾಲ್ ಮಿನಿಯೋ, ಅವನ ಬಗ್ಗೆ.

ಸಾಲ್ ಹುಟ್ಟಿದ್ದು 1939ರಲ್ಲಿ, ನ್ಯೂಯಾರ್ಕಿನ ಬ್ರಾಂಕ್ಸ್‌ನಲ್ಲಿ. ಅಪ್ಪ ಸಿಸಿಲಿಯಿಂದ ಬಂದವರು. ಶವಪೆಟ್ಟಿಗೆ ಮಾಡುವುದು ಅವರ ಕಸುಬು. ಹುಡುಗ 12ನೇ ವಯಸ್ಸಿಗೇ ಬ್ರಾಡ್‌ವೇ ರಂಗಮಂಚ ಹತ್ತಿದ. ಮೊದಲು ಒಂದು ಚಿಕ್ಕ ಪಾತ್ರ. ಆಮೇಲೆ 'ದ ಕಿಂಗ್ ಅಂಡ್ ಐ' ನಾಟಕದಲ್ಲಿ ಯೂಲ್ ಬ್ರಿನ್ನರ್ ರಾಜ, ಇವನು ಯುವರಾಜ. ಕಣ್ಣಲ್ಲೇ ಮಾತಾಡುವುದನ್ನು ಅಲ್ಲೇ ಕಲಿತಿರಬೇಕು ಅಂತ ನನ್ನ ಊಹೆ.

1955ರಲ್ಲಿ ಬಂತು 'ರೆಬೆಲ್ ವಿದೌಟ್ ಎ ಕಾಸ್'. ಸಾಲ್‌ನ ಪಾತ್ರದ ಹೆಸರು ಪ್ಲೇಟೋ. ದೊಡ್ಡ ಮನೆ, ಆದರೆ ಅಪ್ಪನೂ ಇಲ್ಲ, ಅಮ್ಮನೂ ಇಲ್ಲ. ನೋಡಿಕೊಳ್ಳುವುದು ಕೆಲಸದಾಕೆ. ಅವನ ಶಾಲೆಯ ಲಾಕರಿನ ಬಾಗಿಲ ಒಳಗೆ ಒಂದು ಫೋಟೋ ಇದೆ. ಮನೆಯವರದ್ದಲ್ಲ, ಅಲನ್ ಲ್ಯಾಡ್ ಅನ್ನುವ ಸಿನಿಮಾ ನಟನದ್ದು! ಕೊನೆಯಲ್ಲಿ ಪೊಲೀಸರ ಗುಂಡಿಗೆ ಪ್ಲೇಟೋ ಬೀಳುತ್ತಾನೆ. ಒಂದು ಕಾಲಿಗೆ ಕೆಂಪು ಸಾಕ್ಸು, ಇನ್ನೊಂದಕ್ಕೆ ನೀಲಿ. ಅದನ್ನು ನೋಡಿ ಡೀನ್ ನಗುತ್ತಲೇ ಅಳುತ್ತಾನೆ. ಅಲ್ಲಿ ಡೀನ್ ನಟನೆ ಚೆನ್ನಾಗಿದೆ, ಸರಿ. ಆದರೆ ನಮ್ಮ ಗಂಟಲು ಕಟ್ಟುವುದು ಆ ಹುಡುಗನಿಗಾಗಿ ಅಲ್ವಾ?

ಆ ಪಾತ್ರಕ್ಕೆ ಅತ್ಯುತ್ತಮ ಪೋಷಕ ನಟ ಆಸ್ಕರ್ ನಾಮನಿರ್ದೇಶನ ಸಿಕ್ಕಿತು. ಆಗ ಸಾಲ್‌ಗೆ 17. ಪ್ರಶಸ್ತಿ ಜ್ಯಾಕ್ ಲೆಮನ್ ಪಾಲಾಯಿತು.

ಹಾಲಿವುಡ್ ಒಂದು ಸಲ ಹಣೆಗೆ ಚೀಟಿ ಅಂಟಿಸಿದರೆ ಮುಗೀತು. ಸಾಲ್‌ಗೆ ಸಿಕ್ಕಿದ ಚೀಟಿ, ಚೂರಿ ಹಿಡಿದ ಬೀದಿಹುಡುಗ. ಸುತ್ತಿ ಬಳಸಿ ಅಂಥವೇ ಪಾತ್ರಗಳು. 1957ರಲ್ಲಿ ಅವನೇ ಹಾಡಿದ ಒಂದು ಹಾಡು ಹಿಟ್ ಆಯಿತು, ಹುಡುಗಿಯರು ಮುಗಿಬಿದ್ದರು. 1959ರಲ್ಲಿ ಡ್ರಮ್ ವಾದಕ ಜೀನ್ ಕ್ರೂಪಾನ ಕಥೆಯಲ್ಲಿ ನಾಯಕನೂ ಆದ.

1960ರ 'ಎಕ್ಸೋಡಸ್' ಮಾತ್ರ ಬೇರೆ. ನಾಜಿಗಳ ಮರಣಶಿಬಿರ ಔಶ್ವಿಟ್ಸ್‌ನಿಂದ ಬದುಕಿ ಬಂದ ಹುಡುಗನ ಪಾತ್ರ ಅದು. ಗೋಲ್ಡನ್ ಗ್ಲೋಬ್ ಬಂತು, ಎರಡನೇ ಆಸ್ಕರ್ ನಾಮನಿರ್ದೇಶನವೂ ಬಂತು. ಆಸ್ಕರ್ ಈ ಸಲವೂ ಕೈಗೆ ಬರಲಿಲ್ಲ.

ಆಮೇಲೆ ಇಳಿಜಾರು. ವಯಸ್ಸಾಗುತ್ತಿತ್ತು, ಮುಖ ಮಾತ್ರ ಹುಡುಗನದ್ದೇ. ಅಂಥವನಿಗೆ ಯಾವ ಪಾತ್ರ ಕೊಡಬೇಕು ಅಂತ ಸ್ಟುಡಿಯೋಗಳಿಗೆ ತಿಳಿಯಲಿಲ್ಲ, ತಲೆ ಕೆಡಿಸಿಕೊಳ್ಳಲೂ ಇಲ್ಲ. 1971ರಲ್ಲಿ ವಾನರರ ಚಿತ್ರವೊಂದರಲ್ಲಿ ಮುಖವಾಡ ಹಾಕಿಕೊಂಡು ನಟಿಸಿದ. ಎರಡು ಸಲ ಆಸ್ಕರ್ ಬಾಗಿಲು ತಟ್ಟಿದವನ ಮುಖವೇ ಕಾಣದು. ಆ ಪಾತ್ರವೂ ಬೇಗನೆ ಸತ್ತುಹೋಗುತ್ತದೆ.

ಆದರೂ ಸಾಲ್ ಸುಮ್ನೆ ಕೂರಲಿಲ್ಲ. ನಾಟಕ ನಿರ್ದೇಶಿಸಿದ, ರಂಗದಲ್ಲಿ ನಟಿಸಿದ. ಸ್ಯಾನ್ ಫ್ರಾನ್ಸಿಸ್ಕೋದಲ್ಲಿ ಒಂದು ಹಾಸ್ಯ ನಾಟಕದಲ್ಲಿ ಕಳ್ಳನ ಪಾತ್ರ ಮಾಡಿ ಒಳ್ಳೆಯ ವಿಮರ್ಶೆ ಗಳಿಸಿದ. ಅದೇ ನಾಟಕಕ್ಕೆ ಲಾಸ್ ಏಂಜಲೀಸ್‌ನಲ್ಲಿ ತಾಲೀಮು ನಡೆದಿತ್ತು. 1976ರ ಫೆಬ್ರವರಿ 12ರ ರಾತ್ರಿ ತಾಲೀಮು ಮುಗಿಸಿ ಮನೆಗೆ ಬಂದವನನ್ನು ಒಬ್ಬ ಇರಿದು ಕೊಂದ. ಆಗ ಅವನಿಗೆ 37 ವರ್ಷ.

'ಎಕ್ಸೋಡಸ್' 3 ಗಂಟೆ ಮೀರಿದ ಚಿತ್ರ, ನೋಡಲು ತಾಳ್ಮೆ ಬೇಕು. ಪೂರ್ತಿ ಆಗದಿದ್ದರೆ, ಸಾಲ್‌ನ ಪಾತ್ರವನ್ನು ಕೂರಿಸಿ ಪ್ರಶ್ನಿಸುವ ದೃಶ್ಯವನ್ನಾದರೂ ನೋಡಿ. ಮೊದಲು ಜಂಬದಿಂದ ಸುಳ್ಳು ಹೇಳುತ್ತಾನೆ. ಪ್ರಶ್ನೆ ಜಾಸ್ತಿಯಾದಂತೆ ಹೇಗೆ ಕುಸಿಯುತ್ತಾನೆ, ಗಮನಿಸಿ.

ನಮಸ್ಕಾರ.