ಬ್ಯಾಟರಿಯ ಆಯಸ್ಸು ಬೇರೆ, ನಮ್ಮ ಆಯಸ್ಸು ಬೇರೆ

ಕೇಳುಗರಿಗೆ ನಮಸ್ಕಾರ.

ಎದೆಯಲ್ಲಿ ಐಸಿಡಿ, ಅಂದರೆ ಹೃದಯದ ಲಯ ತಪ್ಪಿದಾಗ ಶಾಕ್ ಕೊಡುವ ಬ್ಯಾಟರಿಯ ಪುಟ್ಟ ಯಂತ್ರ, ಇಡಿಸಿಕೊಂಡವರನ್ನು ಒಂದು ಪ್ರಶ್ನೆ ಕೊರೆಯುತ್ತಾ ಇರುತ್ತದೆ. ಡಾಕ್ಟರ ಮುಂದೆ ಅದನ್ನು ಕೇಳುವುದಿಲ್ಲ, ಆಚೆ ಬಂದಮೇಲೆ ನರ್ಸ್ ಹತ್ತಿರ ಮೆಲ್ಲಗೆ ಕೇಳುತ್ತಾರೆ. 'ಬ್ಯಾಟರಿ ಎಂಟು ಹತ್ತು ವರ್ಷ ಬರುತ್ತೆ ಅಂದ್ರಲ್ಲ, ಅಂದ್ರೆ ನನಗೆ ಇರೋದು ಅಷ್ಟೇನಾ?' ನನ್ನ ಎಡ ಭುಜದ ಕೆಳಗೂ ಒಂದು ಐಸಿಡಿ ಇದೆ, ಹಾಗಾಗಿ ಆ ದಿಗಿಲು ಎಂಥದ್ದು ಅಂತ ಗೊತ್ತು. ಉತ್ತರ ಸುಲಭ: ಅಲ್ಲ. ಬ್ಯಾಟರಿ ಮುಗಿಯುತ್ತಾ ಬಂದರೆ ಅದು ಚೆಕಪ್ಪಿನಲ್ಲಿ ತಿಂಗಳುಗಳ ಮೊದಲೇ ಗೊತ್ತಾಗುತ್ತದೆ. ಆಗ ಅದೇ ಜಾಗದಲ್ಲಿ ಚರ್ಮ ಬಿಡಿಸಿ, ಹಳೇ ಡಬ್ಬಿ ತೆಗೆದು ಹೊಸದು ಇಡುತ್ತಾರೆ. ಹೃದಯಕ್ಕೆ ಹೋಗುವ ತಂತಿ ಚೆನ್ನಾಗಿದ್ದರೆ ಅದನ್ನು ಮುಟ್ಟುವುದೂ ಇಲ್ಲ. ಎರಡನೇ ಡಬ್ಬಿ, ಮೂರನೇ ಡಬ್ಬಿ ಹಾಕಿಸಿಕೊಂಡು ಓಡಾಡುವವರು ಬೇಕಾದಷ್ಟು ಜನ ಇದ್ದಾರೆ.

ನಮ್ಮಲ್ಲಿ ಎಲ್ಲವನ್ನೂ ಪೇಸ್‌ಮೇಕರ್ ಅಂದುಬಿಡುತ್ತೇವೆ. ಪೇಸ್‌ಮೇಕರ್ ಇರುವುದು ಹೃದಯ ತೀರಾ ನಿಧಾನ ಆದವರಿಗೆ. ಐಸಿಡಿ ಆ ಕೆಲಸವನ್ನೂ ಮಾಡಬಲ್ಲದು, ಆದರೆ ಅದರ ನಿಜವಾದ ಕೆಲಸ ಬೇರೆ. ಹೃದಯದ ಕೆಳಗಿನ ಕೋಣೆಗಳು ಲಯ ತಪ್ಪಿ ಹುಚ್ಚಾಪಟ್ಟೆ ಅದುರತೊಡಗಿದಾಗ ರಕ್ತ ಮುಂದಕ್ಕೆ ಹೋಗುವುದೇ ನಿಲ್ಲುತ್ತದೆ, ಕೆಲವೇ ಸೆಕೆಂಡಿನಲ್ಲಿ ಮನುಷ್ಯ ಕುಸಿಯುತ್ತಾನೆ. ಆಗ ಐಸಿಡಿ ಒಳಗಿನಿಂದಲೇ ಶಾಕ್ ಕೊಟ್ಟು ಲಯವನ್ನು ಸರಿ ಮಾಡುತ್ತದೆ.

ಇದರ ಹಿಂದೆ ಇದ್ದವರು ವಾರ್ಸಾದಲ್ಲಿ ಹುಟ್ಟಿದ ಮಿಷೆಲ್ ಮಿರೋವ್ಸ್ಕಿ ಎಂಬ ಡಾಕ್ಟರು. 1966ರಲ್ಲಿ ಇಸ್ರೇಲಿನಲ್ಲಿ ಕೆಲಸದಲ್ಲಿ ಅವರಿಗೆ ಹಿರಿಯ ಡಾಕ್ಟರಾಗಿದ್ದ ಹ್ಯಾರಿ ಹೆಲ್ಲರ್ ಇದೇ ತರಹದ ಲಯದ ತೊಂದರೆಯಿಂದ ತೀರಿಕೊಂಡರು. ಶಾಕ್ ಕೊಡುವ ಯಂತ್ರವನ್ನೇ ಮೈಯೊಳಗೆ ಇಟ್ಟರೆ ಹೇಗೆ ಅಂತ ಮಿರೋವ್ಸ್ಕಿ ಹಟ ಹಿಡಿದರು. ಇದು ಆಗುವ ಹೋಗುವ ಮಾತಲ್ಲ ಅಂತ ದೊಡ್ಡ ದೊಡ್ಡ ತಜ್ಞರೇ ಅಂದರು. ಕೊನೆಗೆ 1980ರ ಫೆಬ್ರವರಿ 4ರಂದು ಅಮೆರಿಕದ ಬಾಲ್ಟಿಮೋರಿನ ಜಾನ್ಸ್ ಹಾಪ್ಕಿನ್ಸ್ ಆಸ್ಪತ್ರೆಯಲ್ಲಿ ಮೊದಲ ಸಲ ಒಬ್ಬ ಮಹಿಳೆಗೆ ಇಟ್ಟರು. ಆಗ ಎದೆ ತೆರೆಯಬೇಕಿತ್ತು, ಡಬ್ಬಿಯನ್ನು ಹೊಟ್ಟೆಯಲ್ಲಿ ಇಡಬೇಕಿತ್ತು, ಅದೂ ಎರಡು ಸಲ ಹೃದಯ ನಿಂತು ಬದುಕಿ ಬಂದವರಿಗೆ ಮಾತ್ರ.

ಈಗ ಆಯಸ್ಸಿನ ಲೆಕ್ಕಕ್ಕೆ ಬರೋಣ. ಪಂಪಿಂಗ್, ಅಂದರೆ ಹೃದಯ ಒಂದು ಬಡಿತಕ್ಕೆ ತನ್ನಲ್ಲಿನ ರಕ್ತದಲ್ಲಿ ಹೊರಗೆ ತಳ್ಳುವ ಪಾಲು, 35 ಪರ್ಸೆಂಟ್ ಅಥವಾ ಅದಕ್ಕಿಂತ ಕಡಿಮೆ ಇದ್ದ ಸುಮಾರು 2500 ಜನರ ಮೇಲೆ ಮಾಡಿದ ಒಂದು ದೊಡ್ಡ ಅಧ್ಯಯನ 2005ರಲ್ಲಿ ಹೊರಬಂತು. ಬರೀ ಔಷಧಿಯಲ್ಲಿ ಇದ್ದವರಲ್ಲಿ ಐದು ವರ್ಷದೊಳಗೆ ನೂರಕ್ಕೆ 36 ಜನ ತೀರಿಕೊಂಡರು, ಜೊತೆಗೆ ಐಸಿಡಿ ಇದ್ದವರಲ್ಲಿ 29. ಅಂದರೆ ನೂರಕ್ಕೆ ಏಳು ಜೀವ ಉಳಿಯಿತು. ಆ ಏಳು ಸಣ್ಣ ಸಂಖ್ಯೆಯಲ್ಲ, ಆದರೆ ಆ 29ರ ಕಡೆಗೂ ನೋಡಿ. ಐಸಿಡಿ ಇದ್ದೂ ಹೋದವರು ಅವರು. ಯಾಕೆಂದರೆ ಸೋತ ಹೃದಯವನ್ನು ಈ ಡಬ್ಬಿ ಗಟ್ಟಿ ಮಾಡುವುದಿಲ್ಲ, ಅದು ತಡೆಯುವುದು ಹಠಾತ್ ಸಾವನ್ನು ಮಾತ್ರ. 2016ರಲ್ಲಿ ಡೆನ್ಮಾರ್ಕಿನಲ್ಲಿ, ರಕ್ತನಾಳದ ಬ್ಲಾಕ್ ಇಲ್ಲದೆಯೂ ಹೃದಯ ಸೋತವರನ್ನು ನೋಡಿದಾಗ ಇದು ಇನ್ನೂ ಚೆನ್ನಾಗಿ ಕಂಡಿತು. ಹಠಾತ್ ಸಾವು ಹೆಚ್ಚುಕಡಿಮೆ ಅರ್ಧಕ್ಕೆ ಇಳಿದಿತ್ತು, ಆದರೆ ಒಟ್ಟು ಸಾವಿನ ಲೆಕ್ಕದಲ್ಲಿ ಹೇಳಿಕೊಳ್ಳುವಂಥ ವ್ಯತ್ಯಾಸ ಇರಲಿಲ್ಲ, ವಯಸ್ಸು ಕಡಿಮೆ ಇದ್ದವರಿಗೆ ಮಾತ್ರ ಲಾಭ ಜಾಸ್ತಿ ಆಗಿತ್ತು.

ಹಾಗಾಗಿ 'ಐಸಿಡಿ ಇದ್ದರೆ ಎಷ್ಟು ವರ್ಷ' ಎಂದು ಕೇಳಿದರೆ ಉತ್ತರ ಐಸಿಡಿಯಲ್ಲಿ ಸಿಗುವುದಿಲ್ಲ. ಪಂಪಿಂಗ್ ಎಷ್ಟಿದೆ, ಕಿಡ್ನಿ ಹೇಗಿದೆ, ಶುಗರ್ ಇದೆಯಾ, ವಯಸ್ಸೆಷ್ಟು, ಇವನ್ನು ನೋಡಬೇಕು. ಹುಟ್ಟಿನಿಂದ ಬಂದ ಲಯದ ದೋಷಕ್ಕೆ ಇಪ್ಪತ್ತೈದರಲ್ಲಿ ಐಸಿಡಿ ಹಾಕಿಸಿಕೊಂಡ ಹುಡುಗಿಗೂ ಎರಡು ಹಾರ್ಟ್ ಅಟ್ಯಾಕ್ ಆದ ಎಪ್ಪತ್ತರ ಅಜ್ಜನಿಗೂ ಒಂದೇ ಲೆಕ್ಕ ಹೇಗಾದೀತು? ನನಗೆ ಸಿಟ್ಟು ಬರುವುದು, ಮೆಷಿನ್ ಇದೆಯಲ್ಲ ಅಂತ ಮಾತ್ರೆ ಬಿಡುವವರನ್ನು ಕಂಡರೆ. ಲಕ್ಷಾಂತರ ರೂಪಾಯಿ ಕೊಟ್ಟು ಡಬ್ಬಿ ಹಾಕಿಸಿಕೊಂಡು ದಿನಾ ನುಂಗುವ ಮಾತ್ರೆಗೆ ಬೇಜಾರು ಮಾಡಿಕೊಂಡರೆ ಏನು ಹೇಳೋಣ?

ಶಾಕ್ ಬಗ್ಗೆ ಸುಳ್ಳು ಹೇಳುವುದಿಲ್ಲ. ಪ್ರಜ್ಞೆ ಇದ್ದಾಗ ಬಂದರೆ ಎದೆಗೆ ಯಾರೋ ಜಾಡಿಸಿ ಒದ್ದ ಹಾಗೆ ಇರುತ್ತದೆ. ಆದರೆ ಎಷ್ಟೋ ಸಲ ಲಯ ತಪ್ಪಿದಾಗ ಮೆಷಿನ್ ಮೊದಲು ನೋವಿಲ್ಲದ ಸಣ್ಣ ಮಿಡಿತಗಳನ್ನು ಕೊಟ್ಟೇ ಅದನ್ನು ಸರಿಪಡಿಸುತ್ತದೆ, ನಮಗೆ ಗೊತ್ತೂ ಆಗುವುದಿಲ್ಲ. ಒಂದು ಶಾಕ್ ಬಂದು ಆಮೇಲೆ ಆರಾಮಾಗಿದ್ದರೆ ಡಾಕ್ಟರಿಗೆ ಫೋನ್ ಮಾಡಿ. ಮೇಲಿಂದ ಮೇಲೆ ಬಂದರೆ, ಅಥವಾ ಒಂದೇ ಬಂದರೂ ಸುಸ್ತು, ಎದೆನೋವು ಅನ್ನಿಸಿದರೆ, ತಡ ಮಾಡದೆ ಆಸ್ಪತ್ರೆಗೆ ಹೋಗಬೇಕು. ಶಾಕ್ ಬಂದ ಹೊತ್ತಲ್ಲಿ ನಿಮ್ಮ ಕೈ ಹಿಡಿದಿದ್ದವರಿಗೆ ಜುಮ್ ಅನ್ನಬಹುದು, ಅಪಾಯ ಏನಿಲ್ಲ. ಇದನ್ನು ಗಂಡ ಹೆಂಡತಿ ಇಬ್ಬರೂ ತಿಳಿದಿದ್ದರೆ ಒಳ್ಳೆಯದು, ಎಷ್ಟೋ ಮನೆಗಳಲ್ಲಿ ಸುಮ್ನೆ ಹೆದರಿಕೊಂಡು ಬೇರೆ ಬೇರೆ ಮಲಗುತ್ತಾರೆ.

ಫುಟ್‌ಬಾಲ್ ನೋಡುವವರಿಗೆ ಕ್ರಿಶ್ಚಿಯನ್ ಎರಿಕ್ಸನ್ ನೆನಪಿರಬೇಕು. 2021ರ ಜೂನ್ 12ರಂದು ಕೋಪನ್‌ಹೇಗನ್ನಿನಲ್ಲಿ ಆಡುತ್ತಲೇ ಕುಸಿದುಬಿದ್ದರು, ಹೃದಯ ನಿಂತಿತ್ತು. ಮೈದಾನದಲ್ಲೇ ಎದೆ ಒತ್ತಿ, ಶಾಕ್ ಕೊಟ್ಟು ಉಳಿಸಿದರು, ಆಮೇಲೆ ಐಸಿಡಿ ಹಾಕಿದರು. ಐಸಿಡಿ ಇದ್ದವರು ಇಟಲಿಯಲ್ಲಿ ಆಡುವಂತಿಲ್ಲ, ಹಾಗಾಗಿ ಅಲ್ಲಿನ ಇಂಟರ್ ಮಿಲಾನ್ ಕ್ಲಬ್ ಬಿಡಬೇಕಾಯಿತು. ಇಂಗ್ಲೆಂಡಿಗೆ ಹೋಗಿ ಆಡಿದರು, 2024ರ ಯೂರೋ ಕಪ್‌ನಲ್ಲಿ ಗೋಲೂ ಹೊಡೆದರು. ನಾವು ಗೋಲು ಹೊಡೆಯಬೇಕಿಲ್ಲ ಬಿಡಿ, ಡಾಕ್ಟರನ್ನು ಕೇಳಿ ದಿನಾ ವಾಕಿಂಗ್ ಮಾಡಿದರೆ ಸಾಕು.

ಫೋನನ್ನು ಅಂಗಿಯ ಎಡ ಜೇಬಿನಲ್ಲಿ ಇಡಬೇಡಿ, 15 ಸೆಂಟಿಮೀಟರಾದರೂ ದೂರ ಇರಲಿ. ಇಂಡಕ್ಷನ್ ಒಲೆಯಿಂದ ಎರಡಡಿ. ನಮ್ಮ ಮೆಟ್ರೋದ ಮೆಟಲ್ ಡಿಟೆಕ್ಟರ್ ಬಾಗಿಲಲ್ಲಿ ನಿಲ್ಲದೆ ನಡೆದು ಹೋಗಿ, ಕೈಯಲ್ಲಿ ಹಿಡಿಯುವ ಡಿಟೆಕ್ಟರನ್ನು ಎದೆಯ ಮೇಲೆ ಆಡಿಸಲು ಬಿಡಬೇಡಿ, ಐಸಿಡಿ ಇದೆ ಅಂತ ಹೇಳುವ ಕಾರ್ಡ್ ತೋರಿಸಿ.

ಮನೆಯಲ್ಲಿ ಯಾರೂ ಎತ್ತದ ಮಾತೊಂದು ಇದೆ. ಕ್ಯಾನ್ಸರೋ ಇನ್ನೊಂದೋ ಬಂದು ಕೊನೆಗಾಲ ಹತ್ತಿರವಾದಾಗ, ಶಾಕ್ ಕೊಡುವುದನ್ನು ಮಾತ್ರ ಆಫ್ ಮಾಡಿಸಬಹುದು. ಆಪರೇಷನ್ ಬೇಡ, ಹೊರಗಿನಿಂದಲೇ ಮಾಡುತ್ತಾರೆ. ಅದರಿಂದ ಹೃದಯ ನಿಲ್ಲುವುದಿಲ್ಲ, ಸಾಯುವ ಗಳಿಗೆಯಲ್ಲಿ ಸುಮ್ಮನೆ ಶಾಕ್ ತಿನ್ನುವುದು ತಪ್ಪುತ್ತದೆ, ಅಷ್ಟೇ. ಆಮೇಲೆ ಸುಡುವುದಾದರೆ, ಕಟ್ಟಿಗೆಯಾಗಲಿ ವಿದ್ಯುತ್ ಚಿತಾಗಾರವಾಗಲಿ, ಐಸಿಡಿಯನ್ನು ಮೊದಲೇ ತೆಗೆಸಬೇಕು. ಬಿಸಿಗೆ ಬ್ಯಾಟರಿ ಸಿಡಿಯಬಹುದು. ಮನೆಯವರು ತಾವೇ ಕೈ ಹಾಕಬಾರದು, ಆಸ್ಪತ್ರೆಯವರೇ ಆಫ್ ಮಾಡಿ ತೆಗೆಯಬೇಕು. ನಾನು ಇದನ್ನು ಮನೆಯಲ್ಲಿ ಹೇಳಿದಾಗ ಹೆಂಡತಿ 'ಊಟದ ಹೊತ್ತಲ್ಲಿ ಇದೇ ಮಾತಾ' ಎಂದು ರೇಗಿದಳು. ಮಗಳು ಮಾತ್ರ ಫೋನಿನಲ್ಲಿ ಬರೆದಿಟ್ಟುಕೊಂಡಳು.

ನಮಸ್ಕಾರ.